ಎರಕದವನು ಕಟ್ಟಿದ ಕಮಾನು

ಸೇಲಂ ಜಿಲ್ಲೆಯ ಪಣ್ಣವಾಡಿಯ ದೋಣಿಕಟ್ಟೆ. ನೀರಿನಾಚೆಯ ದಂಡೆಯಲ್ಲಿ ಧರ್ಮಪುರಿ ಜಿಲ್ಲೆಯ ನಾಗಮರೆ. ಬೇಸಿಗೆಯ ಅಪರಾಹ್ಣ. ಮೇಟ್ಟೂರು ಜಲಾಶಯದ ನೀರು ತೀರ ಇಳಿದಿರುವುದರಿಂದ ಮುಳುಗಡೆಯಾದ ಹಳೆಯ ಊರಿನ ಜಲಕಂಠೇಶ್ವರ ಗುಡಿಯ ನಂದಿಯೂ ಅಲ್ಲಿನ ಹಳೆಯ ಇಗರ್ಜಿಯ ಗೋಪುರವೂ ಬಯಲಿಗೆ ಬಂದಿವೆ. ನಿವೃತ್ತರಾದ ಕನ್ನಡ ಮೇಷ್ಟ್ರೊಬ್ಬರೂ, ಒಂದು ಕಾಲಕ್ಕೆ ಅವರಲ್ಲಿ ಓದಿ ಈಗ ಕಟ್ಟಡಗಳ ಎಂಜಿನಿಯರನಾಗಿರುವ ಶಿಷ್ಯನೂ ದೋಣಿಯ ದಾರಿ ಕಾಯುತ್ತ ಮರದ ನೆರಳಿನಲ್ಲಿ ಕುಳಿತಿದ್ದಾರೆ.

ಮೇಷ್ಟ್ರು: ದೋಣಿ ಇನ್ನೂ ಆಚೆ ದಡ ಬಿಟ್ಟಂತಿಲ್ಲ, ಅವಸರ ಬೇಡ, ಕುಳಿತುಕೋ ಮಗು. ಅದೋ ನಂದಿ, ಅದರಾಚೆಗೆ ಇಗರ್ಜಿ. ನಮ್ಮ ತಂದೆಯವರು ಬಾಲಕರಾಗಿದ್ದಾಗ ಆ ನಂದಿಗೆ ಪ್ರದಕ್ಷಿಣೆ ಬಂದವರು. ಆ ಗೋಪುರದ ನೆರಳು ಎಲ್ಲಿಯವರೆಗೆ ಚಾಚಿದೆ ಎಂಬುದನ್ನು ನೋಡಿ ಹೊತ್ತನ್ನು ತಿಳಿದು ದನಗಳನ್ನು ಹಟ್ಟಿಗೆ ಹೊಡೆದುಕೊಂಡು ಬಂದವರು. 1925ರಲ್ಲಿ ಮೊದಲಾದ ಅಣೆಕಟ್ಟಿನ ಕೆಲಸ 1934ರಲ್ಲಿ ಮುಗಿದು ನೀರು ಏರುತ್ತ ಬಂದಾಗ ಜನರು ತಮ್ಮ ಮಾಡಿನ ಮರಮುಟ್ಟನ್ನೂ ಒರಳುಕಲ್ಲನ್ನೂ ಹೊತ್ತು ಮೇಲಿನ ನೆಲಕ್ಕೆ ಹೋದರಂತೆ. ನಂದಿಯನ್ನೂ ಗೋಪುರವನ್ನೂ ಹೊರುವವರಾರು? ಅಂದಿನಿಂದ ಅವೆರಡೂ ಮಳೆಗಾಲಕ್ಕೆ ಮುಳುಗುತ್ತ, ಬರಗಾಲಕ್ಕೆ ಏಳುತ್ತ, ಹೀಗೆಯೇ ಇವೆ.

ಶಿಷ್ಯ: ತೊಂಬತ್ತು ವರ್ಷಗಳಷ್ಟು ಕಾಲ ನೀರಿನ ಒತ್ತಡವನ್ನೂ ಬಿಸಿಲಿನ ಬಿರುಕನ್ನೂ ಸರದಿಯಂತೆ ತಾಳಿಕೊಂಡು ನಿಂತಿರುವ ಆ ಗೋಡೆಯನ್ನು ನೋಡುತ್ತಿದ್ದರೆ, ಕಳೆದ ವರ್ಷ ಉದ್ಯೋಗನಿಮಿತ್ತವಾಗಿ ನಾನಿದ್ದ ಜರ್ಮನಿಯ ವ್ಯುರ್ಟ್ಸ್‌ಬುರ್ಗ್ ನಗರದ ಅರಮನೆಯೂ, ಅದನ್ನು ಕಟ್ಟಿದ ಬಾಲ್ತಜಾರ್ ನೊಯ್ಮನ್ ಎಂಬ ವಾಸ್ತುಶಿಲ್ಪಿಯೂ ನೆನಪಿಗೆ ಬರುತ್ತಾರೆ, ಮೇಷ್ಟ್ರೇ. ಊರಿಗೆ ಮರಳಿದೊಡನೆ ಅವನ ವಿಷಯವನ್ನು ತಮ್ಮೊಡನೆ ಹೇಳಿಕೊಳ್ಳಬೇಕೆಂದು ಮನಸ್ಸು ತವಕಿಸುತ್ತಿತ್ತು. ಅವನು ರೊಕೊಕೊ ಎಂದು ಕರೆಯಲ್ಪಡುವ ಯುಗದವನು.

ಮೇಷ್ಟ್ರು: ಆ ಮಾತು ನಾನೂ ಕೇಳಿದ್ದೇನೆ. ಶಂಖ, ಚಿಪ್ಪು, ಬಳ್ಳಿಗಳ ಸುರುಳಿ, ಬಂಗಾರದ ಮುಲಾಮು, ಗೋಡೆಯ ಮೂಲೆಮೂಲೆಯಲ್ಲಿ ಗಾರೆಯ ಹಸುಳೆಗಳು. ರಾಜರ ವಿಲಾಸಕ್ಕೆ ಮಾಡಿದ ಸಕ್ಕರೆಯಚ್ಚಿನ ಬೊಂಬೆಯಂಥ ಕಲೆ ಅದು ಎಂಬುದಾಗಿ ಎಲ್ಲೋ ಓದಿದ ನೆನಪು. ಹೆಸರು ಹುಟ್ಟಿದ್ದೂ ಚಿಪ್ಪುಕಲ್ಲಿನ ಅಲಂಕಾರವನ್ನು ಹೇಳುವ ಫ್ರೆಂಚ್ ಮಾತಿನಿಂದಲೇ ಅಲ್ಲವೆ? ಬಹಳ ಮಾಡಿದ ಸಿಂಗಾರದ ಅಡಿಯಲ್ಲಿ ಸತ್ತ್ವ ಸ್ವಲ್ಪವೇ ಇರುತ್ತದೆಂಬುದು ನನ್ನ ಹಳೆಯ ಸಂದೇಹ. ಕಾವ್ಯದಲ್ಲಿಯೂ ನಾನು ಹಾಗೆಯೇ ಹೇಳುತ್ತ ಬಂದವನು.

ಶಿಷ್ಯ: ನನ್ನ ಸಂದೇಹವೂ ಅದೇ ಆಗಿತ್ತು. ಅದು ಕರಗಿದ್ದು ಆ ಮನುಷ್ಯನ ಬಾಳನ್ನು ಓದಿದ ಮೇಲೆ. ಅವನು ಅರಮನೆಯಲ್ಲಿ ಹುಟ್ಟಿದವನೂ ಅಲ್ಲ, ಚಿತ್ರಶಾಲೆಯಲ್ಲಿ ಬೆಳೆದವನೂ ಅಲ್ಲ. 1687ರಲ್ಲಿ, ಬೊಹೀಮಿಯದ ಏಗರ್ ಎಂಬ ಪಟ್ಟಣದಲ್ಲಿ, ಬಟ್ಟೆ ನೇಯುವ ಕಸುಬಿನ ಬಡವನೊಬ್ಬನ ಬಹುಸಂತಾನದ ಮನೆಯಲ್ಲಿ ಹುಟ್ಟಿದ. ಮೊದಲು ಕಲಿತದ್ದು ಎರಕದ ಕೆಲಸ. ಗಂಟೆಗಳನ್ನೂ ಫಿರಂಗಿಗಳನ್ನೂ ಹೊಯ್ಯುವ ಕುಲುಮೆಯಲ್ಲಿ ಮಣ್ಣಿನ ಅಚ್ಚು ಕಟ್ಟುವುದು, ಕಂಚು ಕರಗಿಸುವುದು, ಹದ ನೋಡಿ ಹೊಯ್ಯುವುದು.

ಮೇಷ್ಟ್ರು: ನೇಕಾರನ ಮಗನೆ? ನಮ್ಮ ಸೇಲಂನ ಮಗ್ಗದ ಬೀದಿಗಳಲ್ಲಿ, ಮನೆಯೊಳಗೆ ಕನ್ನಡವಾಡುವ ದೇವಾಂಗರ ಹುಡುಗನೊಬ್ಬ ಕುಣಿಯಿಂದ ಎದ್ದು ಹೋಗಿ ಲೋಕವೇ ನೋಡಬರುವಂಥ ಅರಮನೆ ಕಟ್ಟಿದಂತಾಯಿತು. ಹೇಳು, ಹೇಳು, ಆ ಎರಕದ ಹುಡುಗ ಶಿಲ್ಪಿಯಾದದ್ದು ಹೇಗೆ?

ಶಿಷ್ಯ: 1711ರಲ್ಲಿ ಕೆಲಸ ಹುಡುಕಿಕೊಂಡು ವ್ಯುರ್ಟ್ಸ್‌ಬುರ್ಗಿಗೆ ಬಂದು ಅಲ್ಲಿಯೂ ಒಂದು ಎರಕದ ಸಾಲೆಯನ್ನೇ ಸೇರಿದ. ಫಿರಂಗಿ ಹೊಯ್ಯುವವನಿಗೆ ಗುಂಡು ಹಾರುವ ಲೆಕ್ಕ ಬೇಕು, ಲೆಕ್ಕಕ್ಕೆ ರೇಖಾಗಣಿತ ಬೇಕು. ರೇಖಾಗಣಿತ ಬಂದವನಿಗೆ ಭೂಮಿಯನ್ನಳೆಯುವ ವಿದ್ಯೆ ಕೂಗಳತೆಯ ದೂರ. ಅದು ಕೈವಶವಾದವನು ಕೋಟೆಯ ನಕ್ಷೆಗೆ ಬಾರದಿರುವನೆ? ಹಾಗೆ ಒಂದರಿಂದೊಂದಕ್ಕೆ ಮೆಟ್ಟಿಲೇರಿದ. ಓದಿಗೆ ಹಣ ಸಾಲದೆ ಹೋದಾಗ ಹುಟ್ಟೂರಿನ ಪುರಸಭೆಯೇ ಅವನಿಗೆ ಸಾಲ ಕೊಟ್ಟಿತಂತೆ. ಸೈನ್ಯದ ಫಿರಂಗಿ ದಳವನ್ನು ಸೇರಿ, 1717ರಲ್ಲಿ ಬೆಲ್‌ಗ್ರೇಡ್ ಕಡೆಯ ಯುದ್ಧಕ್ಕೂ ಹೋಗಿ, ವಿಯೆನ್ನವನ್ನೂ ಮಿಲಾನನ್ನೂ ಕಂಡು ಮರಳಿದ. 1719ರಲ್ಲಿ ಯೊಹಾನ್ ಫಿಲಿಪ್ ಫ್ರಾಂಜ್ ಫಾನ್ ಶ್ಯೋನ್‌ಬೊರ್ನ್ ಎಂಬವನು ಆ ನಾಡಿಗೆ ಬಿಷಪ್ಪನಾಗಿ ಚುನಾಯಿತನಾದ. ಅಲ್ಲಿ ಧರ್ಮಾಧಿಕಾರಿಯೇ ರಾಜನೂ ಆಗಿರುತ್ತಿದ್ದ. ಬೆಟ್ಟದ ಮೇಲಿನ ಹಳೆಯ ಕೋಟೆಯಲ್ಲಿರಲು ಒಲ್ಲದೆ ಊರಿನೊಳಗೆ ಹೊಸ ಅರಮನೆ ಕಟ್ಟಿಸಬೇಕೆಂದು ಹೊರಟ ಆ ಬಿಷಪ್ಪ, ಮೂವತ್ತೆರಡು ವರ್ಷದ ಈ ಫಿರಂಗಿಯವನ ಕೈಗೆ, ಅಲ್ಲಿಯವರೆಗೆ ಹೆಸರು ಹೇಳಬಹುದಾದ ಒಂದು ಮಹಾಸೌಧವನ್ನೂ ಕಟ್ಟಿರದವನ ಕೈಗೆ, ಆ ಕೆಲಸವನ್ನು ಒಪ್ಪಿಸಿದ. 1720ರ ಮೇ ತಿಂಗಳಲ್ಲಿ ಅಸ್ತಿಭಾರ ಬಿತ್ತು.

ಮೇಷ್ಟ್ರು: ಒಪ್ಪಿಸಿದವನ ಧೈರ್ಯವೂ ಸಣ್ಣದಲ್ಲ. ಆದರೆ ಅಷ್ಟು ದೊಡ್ಡ ಮನೆಗೆ ಒಬ್ಬನನ್ನೇ ನೆಚ್ಚಿಕೊಂಡಿದ್ದನೆ?

ಶಿಷ್ಯ: ಇಲ್ಲ, ಆ ಮಾತನ್ನು ಮುಚ್ಚಿಡಲಾಗದು. ವಿಯೆನ್ನದ ಹಿಲ್ಡೆಬ್ರಾಂಟನಂಥ ಹಿರಿಯರು ನಕ್ಷೆಗಳನ್ನು ಬರೆದರು. 1723ರಲ್ಲಿ ಬಿಷಪ್ಪನು ನೊಯ್ಮನ್ನನನ್ನೇ ಪ್ಯಾರಿಸಿಗೆ ಕಳುಹಿಸಿ ದ ಕೊತ್, ಬೊಫ್ರಾಂ ಎಂಬಿಬ್ಬರು ಫ್ರೆಂಚ್ ಶಿಲ್ಪಿಗಳ ಅಭಿಪ್ರಾಯವನ್ನು ತರಿಸಿಕೊಂಡ. ಪಂಡಿತರೆಲ್ಲರೂ ತಿದ್ದಿದ ನಕ್ಷೆಯನ್ನು ಬಗಲಲ್ಲಿಟ್ಟುಕೊಂಡು, ಯಾರೊಡನೆಯೂ ಕಾದಾಡದೆ, ಎಲ್ಲರಿಂದಲೂ ಬೇಕಾದುದನ್ನು ಎತ್ತಿಕೊಂಡು ಒಂದೇ ಕೈಯ ಕೆಲಸವೆನ್ನಿಸುವಂತೆ ಮುಗಿಸಿದವನು ಇವನು. ಆ ಪ್ಯಾರಿಸ್ ಪ್ರಯಾಣದ ಮರುವರ್ಷವೇ ಆ ಪ್ರಭು ತೀರಿಕೊಂಡ. ನಡುವೆ ಕೆಲಸ ಕುಂಟಿತು. 1729ರಲ್ಲಿ ಅವನ ತಮ್ಮ ಫ್ರೀಡ್ರಿಷ್ ಕಾರ್ಲ್ ಪಟ್ಟಕ್ಕೆ ಬಂದ ಬಳಿಕ ಮತ್ತೆ ಚುರುಕಾಗಿ, 1744ರಲ್ಲಿ ಗೋಡೆ ಮಾಡುಗಳ ಕೆಲಸ ಪೂರ್ಣವಾಯಿತು. ಇಪ್ಪತ್ತನಾಲ್ಕು ವರ್ಷ, ಮೇಷ್ಟ್ರೇ!

ಮೇಷ್ಟ್ರು: ಸರಿ. ನಿನ್ನ ಕಣ್ಣು ಹೊಳೆಯುತ್ತಿರುವುದನ್ನು ನೋಡಿದರೆ ನೀನು ಹೇಳಬೇಕೆಂದಿರುವುದು ಇನ್ನೂ ಬಂದಿಲ್ಲ.

ಶಿಷ್ಯ: ಆ ಅರಮನೆಯ ಸೋಪಾನ. ಅದನ್ನು ಹೇಳದೆ ಇರಲಾರೆ. ಬಾಗಿಲು ದಾಟಿ ಒಳಹೊಕ್ಕರೆ ತಗ್ಗಾದ, ಮಬ್ಬುಗತ್ತಲೆಯ ಒಂದು ಹಜಾರ. ಸಾರೋಟುಗಳು ಒಳಗೇ ಬಂದು ತಿರುಗುವಷ್ಟು ವಿಶಾಲವಾದರೂ ತಲೆಯ ಮೇಲೆ ಭಾರ ಕವಿದಂತಿರುತ್ತದೆ. ಪಕ್ಕಕ್ಕೆ ಹೊರಳಿದರೆ ನಡುವಿನಲ್ಲಿ ಒಂದೇ ಸಾಲಾಗಿ ಏರುವ ಮೆಟ್ಟಿಲು, ಕಾಲಿಗೆ ಆಯಾಸವೇ ತೋರದ ಗಿಡ್ಡ ಮೆಟ್ಟಿಲು. ಒಂದೊಂದು ಹೆಜ್ಜೆಗೂ ಮೇಲಿನ ಕತ್ತಲು ಹಿಂದಕ್ಕೆ ಸರಿಯುತ್ತ ಛಾವಣಿಯ ಒಂದಂಚು, ಮೋಡದ ಒಂದು ತುಣುಕು, ಯಾರದೋ ಒಂದು ಕೈ ಕಾಣಿಸಿಕೊಳ್ಳುತ್ತದೆ. ನಡುಜಗಲಿಯನ್ನು ಮುಟ್ಟಿದಾಗ ಸೋಪಾನವು ಎರಡಾಗಿ ಕವಲೊಡೆದು ಬಂದ ದಿಕ್ಕಿಗೇ ಹಿಂದಿರುಗಿ ಏರುತ್ತದೆ, ನಾವೂ ತಿರುಗುತ್ತೇವೆ, ಆಗ ಇಡೀ ಆಕಾಶವೇ ತೆರೆದುಕೊಳ್ಳುತ್ತದೆ. ಸುಮಾರು 18 ಮೀಟರು ಅಗಲ, 30 ಮೀಟರು ಉದ್ದದ ಆ ಅಂಗಳದ ಮೇಲೆ ಒಂದೇ ಒಂದು ಕಮಾನು. ಕೆಳಗೆ ಒಂದು ಕಂಬವೂ ಇಲ್ಲ.

ಮೇಷ್ಟ್ರು: 18 ಮೀಟರೆಂದರೆ ಸುಮಾರು 60 ಅಡಿ, 30 ಎಂದರೆ ಸುಮಾರು 100 ಅಡಿ. ನಮ್ಮ ತಾರಮಂಗಲದ ಕೈಲಾಸನಾಥನ ಮಂಟಪದಲ್ಲಿ ಅಷ್ಟು ಅಂತರಕ್ಕೆ ಎಷ್ಟು ಕಂಬಗಳಿರಬಹುದು!

ಶಿಷ್ಯ: ಹಲವು ಸಾಲುಗಳೇ ಬೇಕು. ಕಲ್ಲಿನ ಚಪ್ಪಡಿಯನ್ನು ಎರಡು ಕಂಬಗಳ ಮೇಲೆ ಅಡ್ಡಲಾಗಿ ಇಟ್ಟರೆ ಅದರ ಅಡಿಭಾಗ ಜಗ್ಗಿ ಎಳೆತಕ್ಕೆ ಸಿಕ್ಕುತ್ತದೆ. ಒತ್ತಡವನ್ನು ಚೆನ್ನಾಗಿ ತಾಳುವ ಕಲ್ಲು ಎಳೆತವನ್ನು ಅಷ್ಟಾಗಿ ತಾಳದು. ಆದ್ದರಿಂದಲೇ ನಮ್ಮ ಸ್ಥಪತಿಗಳು ಕಂಬಗಳನ್ನು ಹತ್ತಿರ ಹತ್ತಿರ ನಿಲ್ಲಿಸಿ, ಬೋದಿಗೆಗಳನ್ನು ಮುಂದಕ್ಕೆ ಚಾಚಿ, ಅಂತರವನ್ನು ಕಿರಿದು ಮಾಡಿಕೊಂಡರು. ಕಮಾನಿನ ಯುಕ್ತಿಯೇ ಬೇರೆ. ಅಲ್ಲಿ ಪ್ರತಿಯೊಂದು ಕಲ್ಲೂ ಪಕ್ಕದ ಕಲ್ಲನ್ನು ಒತ್ತಿಕೊಂಡೇ ನಿಲ್ಲುವುದರಿಂದ ಎಳೆತವೆಂಬುದಕ್ಕೆ ಎಡೆಯಿಲ್ಲ. ಆದರೆ ಆ ಒತ್ತಡವೆಲ್ಲ ಕಡೆಗೆ ಬುಡದ ಗೋಡೆಗಳನ್ನು ಹೊರಕ್ಕೆ ತಳ್ಳುತ್ತದೆ. ಕಮಾನು ಚಪ್ಪಟೆಯಾದಷ್ಟೂ ತಳ್ಳುವಿಕೆ ಹೆಚ್ಚು. ನೊಯ್ಮನ್ ಕಟ್ಟಿದ್ದು ಬಹಳ ಚಪ್ಪಟೆಯಾದ ಕಮಾನು. ಹಗುರವಾದ, ರಂಧ್ರಮಯವಾದ ಒಂದು ಜಾತಿಯ ಕಲ್ಲನ್ನು ಆರಿಸಿ, ತೂಕವನ್ನು ಎಲ್ಲಿ ಕಳೆಯಬೇಕು, ಗೋಡೆಗೆ ಎಲ್ಲಿ ಮೈ ತುಂಬಬೇಕು ಎಂಬುದನ್ನು ಅಂದಾಜು ಮಾಡಿ ಅದನ್ನು ನಿಲ್ಲಿಸಿದ. ಇದು ಬಿದ್ದುಹೋಗುವುದೆಂದು ಸಮಕಾಲೀನರು ನುಡಿದರೆಂದೂ, ಹಿಲ್ಡೆಬ್ರಾಂಟನು ಇದು ನಿಂತರೆ ತಾನು ಇದಕ್ಕೇ ನೇಣು ಹಾಕಿಕೊಳ್ಳುವೆನೆಂದನೆಂದೂ, ಅದಕ್ಕೆ ಇವನು ಬೇಕಾದರೆ ಈ ಕಮಾನಿನ ಕೆಳಗೆ ಫಿರಂಗಿಗಳನ್ನು ಸಾಲಾಗಿ ಹಾರಿಸಿ ತೋರಿಸುವೆನೆಂದನೆಂದೂ ಅಲ್ಲಿ ಪ್ರತೀತಿಯಿದೆ. ಕಥೆಯೇ ಇರಬಹುದು. ಆದರೆ ಫಿರಂಗಿಯ ಮಾತು ಅವನ ಬಾಯಿಗೆ ಹೊಂದಿಕೊಳ್ಳುತ್ತದೆ.

ಮೇಷ್ಟ್ರು: ಹೊಂದಿಕೊಳ್ಳದೆ ಏನು! ಮಗು, ನೀನು ಹೇಳಿದ್ದನ್ನು ಕೇಳುತ್ತಿದ್ದಂತೆ ಇದೇ ಕಾವೇರಿಯ ಮೇಲುದಡದ ಒಂದು ಸಂಗತಿ ನೆನಪಾಗುತ್ತದೆ. ಶ್ರೀರಂಗಪಟ್ಟಣದಲ್ಲಿ ದ ಹ್ಯಾವಿಲೆಂಡ್ ಎಂಬ ಆಂಗ್ಲ ಸೈನ್ಯದ ಎಂಜಿನಿಯರನಿದ್ದ. ಹತ್ತೊಂಬತ್ತನೆಯ ಶತಮಾನದ ಆರಂಭದ ಮಾತು. ಹೊಳೆಗೆ ದೊಡ್ಡ ಅಂತರದ ಇಟ್ಟಿಗೆಯ ಕಮಾನುಗಳಿಂದ ಸೇತುವೆ ಕಟ್ಟಬಹುದೆಂದು ಅವನು ಹೇಳಿದರೆ ಮೇಲಿನವರು ನಂಬಲಿಲ್ಲ. ವಾದ ಮಾಡುವುದನ್ನು ಬಿಟ್ಟು, ತನ್ನ ಮನೆಯ ತೋಟದಲ್ಲಿಯೇ ಸುಮಾರು 110 ಅಡಿ ಅಂತರದ ಒಂದು ಬರಿಯ ಕಮಾನನ್ನು ಕಟ್ಟಿ ನಿಲ್ಲಿಸಿದ. ಅದರ ಮೇಲೆ ಹಾಯುವ ದಾರಿಯಿಲ್ಲ, ಅಡಿಯಲ್ಲಿ ಹರಿಯುವ ನೀರಿಲ್ಲ. ನಿಲ್ಲುತ್ತದೆಂದು ತೋರಿಸುವುದೊಂದೇ ಅದರ ಕೆಲಸ. ಒಂದು ನೂರು ವರ್ಷಕ್ಕೂ ಮೀರಿ ನಿಂತಿದ್ದು, 1930ರ ದಶಕದಲ್ಲಿ, ಇಲ್ಲಿ ಈ ಅಣೆಕಟ್ಟು ಎದ್ದ ಕಾಲಕ್ಕೆ ಸರಿಸುಮಾರಾಗಿ ಅಲ್ಲಿ ಅದು ಕುಸಿಯಿತು. ಹುಡುಗನಾಗಿದ್ದಾಗ ಅದರ ಬುಡದ ಮೋಟುಗಳನ್ನು ನಾನು ಕಂಡಿದ್ದೇನೆ.

ಶಿಷ್ಯ: ಆ ಮೋಟುಗಳನ್ನು ನನಗೂ ನೋಡಬೇಕೆನಿಸುತ್ತದೆ. ನೊಯ್ಮನ್ನನ ಕಮಾನಿಗೂ ಪರೀಕ್ಷೆ ಬಂತು, ಇನ್ನೂರು ವರ್ಷಗಳ ಬಳಿಕ. 1945ರ ಮಾರ್ಚ್ 16ರ ರಾತ್ರಿ ಆಕಾಶದಿಂದ ಬಿದ್ದ ಬೆಂಕಿಬಾಂಬುಗಳಿಂದ ಇಡೀ ವ್ಯುರ್ಟ್ಸ್‌ಬುರ್ಗ್ ಉರಿದುಹೋಯಿತು. ಅರಮನೆಯ ಮರದ ಮಾಡೆಲ್ಲ ಉರಿದು, ಉರಿಯುವ ತೊಲೆಗಳು ಕಮಾನಿನ ಬೆನ್ನ ಮೇಲೆ ಬಿದ್ದುವು. ಎರಡೂ ಪಕ್ಕದ ಕೋಣೆಗಳು ಬೂದಿಯಾದುವು. ಕಮಾನು ನಿಂತಿತು. ಮಾಡಿಲ್ಲದ ಆ ಕಮಾನಿನ ಮೇಲೆ ಮಳೆ ಬಿದ್ದು ಒಳಗಿನ ಚಿತ್ರ ಕರಗುವುದೆಂದು ಕಂಡ ಸ್ಕಿಲ್ಟನ್ ಎಂಬ ಅಮೆರಿಕದ ಸೇನಾಧಿಕಾರಿ, ಮರಮುಟ್ಟಿಗೇ ಬರವಿದ್ದ ಆ ದಿನಗಳಲ್ಲಿ, ಹೇಗೋ ಹಲಗೆಗಳನ್ನು ಸಂಪಾದಿಸಿ ತಾತ್ಕಾಲಿಕವಾದ ಒಂದು ಮಾಡು ಕಟ್ಟಿಸಿದ. ಶತ್ರುಪಕ್ಷದ ಅಧಿಕಾರಿ, ಮೇಷ್ಟ್ರೇ. ಆ ಭಾಗವನ್ನು ಓದುವಾಗ ನನ್ನ ಗಂಟಲು ಕಟ್ಟಿತು.

ಮೇಷ್ಟ್ರು: ಕಟ್ಟುವುದು ಸಹಜ. ಒಳಗಿನ ಚಿತ್ರವೆಂದೆಯಲ್ಲ, ಅದು ಯಾರದು?

ಶಿಷ್ಯ: ವೆನಿಸ್ಸಿನ ಟಿಯೆಪೊಲೊ ಎಂಬ ಚಿತ್ರಕಾರನದು. 1750ರ ಡಿಸೆಂಬರಿನಲ್ಲಿ ತನ್ನ ಇಬ್ಬರು ಮಕ್ಕಳನ್ನು ಕಟ್ಟಿಕೊಂಡು ಬಂದವನು, ಮೊದಲು ಒಳಗಿನ ದರ್ಬಾರಿನ ಹಜಾರಕ್ಕೆ ಬಣ್ಣವಿಟ್ಟು, 1752ರಿಂದ 1753ರವರೆಗೆ ಈ ಕಮಾನಿಗೆ ಬರೆದ. ನಡುವೆ ಸೂರ್ಯದೇವ, ನಾಲ್ಕು ಅಂಚುಗಳಲ್ಲಿ ನಾಲ್ಕು ಭೂಖಂಡಗಳು. ಮೆಟ್ಟಿಲೇರುವವನಿಗೆ ಮೊದಲು ಎದುರಾಗುವುದು ಅಮೆರಿಕ, ಮೊಸಳೆಯ ಮೇಲೆ ಕುಳಿತ ಹೆಣ್ಣು. ಒಂದು ಪಕ್ಕಕ್ಕೆ ಒಂಟೆಯ ಮೇಲಣ ಆಫ್ರಿಕ. ಇನ್ನೊಂದು ಪಕ್ಕಕ್ಕೆ ನಮ್ಮ ಏಷ್ಯ, ಆನೆಯ ಮೇಲೆ. ತಿರುಗಿದಾಗ ಯೂರೋಪು.

ಮೇಷ್ಟ್ರು: ಆನೆ! ಆ ವೆನಿಸ್ಸಿನವನಿಗೆ ನಾವು ಆನೆಯ ಬೆನ್ನಿನ ಮೇಲಿನ ದೂರದೇಶದವರಾಗಿ ಕಂಡೆವು. ಬೇಸರವಿಲ್ಲ; ನಮ್ಮವರು ಬರೆದ ಚಿತ್ರಗಳಲ್ಲಿಯೂ ಟೊಪ್ಪಿಗೆಯವರು ವಿಚಿತ್ರವಾಗಿಯೇ ಕಾಣುತ್ತಾರೆ. 1784ರಲ್ಲಿ ಟಿಪ್ಪು ಕಟ್ಟಿಸಿದ ದರಿಯಾ ದೌಲತ್ತಿನ ಗೋಡೆಗೆ ಪೊಳ್ಳಿಲೂರಿನ ಕಾಳಗವನ್ನು ಬರೆದವರು ಟಿಯೆಪೊಲೊವಿಗೆ ಒಂದು ತಲೆಮಾರಿನಷ್ಟೇ ಕಿರಿಯರು; ಅಲ್ಲಿನ ಕೆಂಪಂಗಿಯ ಸಿಪಾಯಿಗಳನ್ನು ನೋಡು. ಅದಿರಲಿ, ಅದಿಯಮಾನ್ ಕೋಟೆಯ ಚೆನ್ನರಾಯಸ್ವಾಮಿಯ ಗುಡಿಗೆ ನಿಮ್ಮ ತರಗತಿಯನ್ನೆಲ್ಲ ಒಮ್ಮೆ ಕರೆದುಕೊಂಡು ಹೋಗಿದ್ದೆನಲ್ಲ, ಮಂಟಪದ ಛಾವಣಿಯ ಚಿತ್ರಗಳನ್ನು ನೋಡಲು, ನೆನಪಿದೆಯೆ?

ಶಿಷ್ಯ: ನೆನಪಿಲ್ಲದೆ ಉಂಟೆ? ಕತ್ತು ನೋಯುತ್ತದೆಂದು ನಾವು ನೆಲದ ಮೇಲೆ ಅಂಗಾತ ಮಲಗಿದಾಗ ತಾವು ಬೈಯದೆ ತಾವೂ ಮಲಗಿದಿರಿ. ವ್ಯುರ್ಟ್ಸ್‌ಬುರ್ಗಿನಲ್ಲಿಯೂ ಮಲಗಿಬಿಡಬೇಕೆನಿಸಿತು, ಕಾವಲುಗಾರ ಬಿಡುತ್ತಿರಲಿಲ್ಲ. ಆದರೆ ಆ ಚಿತ್ರದಲ್ಲಿ ನಾನು ಬಹಳ ಹೊತ್ತು ನೋಡಿದ್ದು ಸೂರ್ಯನನ್ನೂ ಅಲ್ಲ, ಆನೆಯನ್ನೂ ಅಲ್ಲ. ಯೂರೋಪಿನ ಅಂಚಿನಲ್ಲಿ, ಜಂತಿಯ ಮೇಲೆ, ಸೇನಾಧಿಕಾರಿಯ ಉಡುಪು ತೊಟ್ಟು, ಒಂದು ಫಿರಂಗಿಯ ಮೇಲೆ ಒರಗಿಕೊಂಡು, ಪಕ್ಕದಲ್ಲಿ ನಾಯಿಯೊಂದಿಗೆ ಒಬ್ಬನು ಮೇಲೆ ನೋಡುತ್ತಿದ್ದಾನೆ. ಅವನೇ ನೊಯ್ಮನ್. ಆಗಿನ ರಾಜಬಿಷಪ್ಪನ ಮುಖ ಅವನ ತಲೆಯ ಮೇಲೆ ಎತ್ತರದಲ್ಲಿ ಪದಕದಂತೆ ತೇಲುತ್ತಿದೆ. ಚಿತ್ರ ಬರೆಸಿದವನು ಮೋಡದಲ್ಲಿ, ಕಮಾನು ಕಟ್ಟಿದವನು ಫಿರಂಗಿಯ ಮೇಲೆ. ಕುಲುಮೆಯಲ್ಲಿ ಅವನು ಮೊದಲು ಹೊಯ್ಯಲು ಕಲಿತ ವಸ್ತುವಿನ ಮೇಲೆಯೇ ಅವನನ್ನು ಕೂರಿಸಿದ ಆ ಚಿತ್ರಕಾರನ ವಿವೇಕಕ್ಕೆ ಮನಸ್ಸಿನಲ್ಲಿಯೇ ನಮಿಸಿದೆ. ಚಿತ್ರ ಮುಗಿದ ವರ್ಷವೇ, 1753ರ ಆಗಸ್ಟ್ 19ರಂದು, ನೊಯ್ಮನ್ ತೀರಿಕೊಂಡ.

ಮೇಷ್ಟ್ರು: ತನ್ನ ಕಮಾನಿನಲ್ಲಿ ತನ್ನನ್ನು ನೋಡಿಕೊಂಡು ಹೋದನೆನ್ನು. ಭಾಗ್ಯವಂತ. ನಮ್ಮಲ್ಲಿ ಕಟ್ಟಿದವರಿಗೆ ಆ ಭಾಗ್ಯ ಒದಗಿದ್ದು ಅಪರೂಪ. ಧರ್ಮಪುರಿ ನೊಳಂಬರ ಕಾಲದಲ್ಲಿ ತಗಡೂರು. 893ರ ಅಲ್ಲಿನ ಕನ್ನಡ ಶಾಸನದಲ್ಲಿ ಬಸದಿಯನ್ನು ಕಟ್ಟಿಸಿದ ನಿಧಿಯಣ್ಣ ಚಂದಿಯಣ್ಣರ ಹೆಸರನ್ನು ನಾವಿಂದೂ ಓದುತ್ತೇವೆ. ಕಂಬ ಕಡೆದವರು ಯಾರೋ! ತಾರಮಂಗಲವನ್ನು ಗಟ್ಟಿ ಮುದಲಿಗಳು ಕಟ್ಟಿಸಿದರೆಂದು ಊರೆಲ್ಲ ಹೇಳುತ್ತದೆ. ಆದರೆ ಒಂದೇ ಕಲ್ಲಿನಲ್ಲಿ ಕೊಂಡಿಗೆ ಕೊಂಡಿ ಸೇರಿದ ಸರಪಳಿಯನ್ನು ಬಿಡಿಸಿದವನು ಯಾರು? ಸಿಂಹದ ಬಾಯಿಯೊಳಗೆ, ಉರುಳುವುದಾದರೂ ಹೊರಬಾರದ ಗುಂಡನ್ನು ಕೊರೆದವನು ಯಾರು? ರಾಮನ ಕಂಬದ ಬಳಿ ನಿಂತರೆ ವಾಲಿ ಕಾಣುವಂತೆ, ವಾಲಿಯ ಕಂಬದ ಬಳಿ ನಿಂತರೆ ರಾಮ ಕಾಣದಂತೆ, ಎರಡು ಕಂಬಗಳ ನಡುವಣ ಆ ನೋಟದ ಗೆರೆಯನ್ನು ಎಳೆದವನ ಗಣಿತವೇನು ಸಾಮಾನ್ಯವೆ? ಆ ಮನುಷ್ಯನ ಮುಖವನ್ನು ಯಾವ ಟಿಯೆಪೊಲೊವೂ ಬರೆಯಲಿಲ್ಲ. ಅಷ್ಟೇಕೆ, ಹೆಸರಿನ ಒಂದಕ್ಷರವೂ ನನಗೆ ತಿಳಿಯದು. ಇದನ್ನು ನೆನೆದಾಗಲೆಲ್ಲ ನನಗೆ ನಿಜವಾಗಿಯೂ ದುಃಖವಾಗುತ್ತದೆ.

ಶಿಷ್ಯ: ಕನ್ನಡನಾಡಿನಲ್ಲಿ ಹೆಸರುಳಿದವರೂ ಇದ್ದಾರಲ್ಲವೆ? ತರಗತಿಯಲ್ಲಿ ತಾವೇ ಹೇಳಿದ್ದಿರಿ.

ಮೇಷ್ಟ್ರು: ಇದ್ದಾರೆ. ಎಲ್ಲರಿಗಿಂತ ಮೊದಲು ನೆನೆಯಬೇಕಾದವನು ಪಟ್ಟದಕಲ್ಲಿನ ಗುಂಡ ಅನಿವಾರಿತಾಚಾರಿ. ಎರಡನೆಯ ವಿಕ್ರಮಾದಿತ್ಯನ ರಾಣಿ ಲೋಕಮಹಾದೇವಿ ಕಟ್ಟಿಸಿದ ಲೋಕೇಶ್ವರ, ಈಗ ನಾವು ವಿರೂಪಾಕ್ಷವೆನ್ನುವ ಗುಡಿ, ಸುಮಾರು 740ರದು. ಅದನ್ನು ಕಟ್ಟಿದವನಿಗೆ ಪಟ್ಟ ಕಟ್ಟಿ ತ್ರಿಭುವನಾಚಾರ್ಯನೆಂಬ ಬಿರುದಿತ್ತರೆಂದು ಆ ಗುಡಿಯ ಶಾಸನವೇ ಹೇಳುತ್ತದೆ. ಲೆಕ್ಕ ಹಾಕು. ನಿನ್ನ ನೊಯ್ಮನ್ ಕಮಾನು ಕಟ್ಟಿದ್ದು 1740ರ ದಶಕ; ನಮ್ಮ ಗುಂಡ ಅವನಿಗೆ ಸುಮಾರು ಸಾವಿರ ವರ್ಷ ಹಿರಿಯ. ಅದೇ ಗುಡಿಯಲ್ಲಿ ಸರ್ವಸಿದ್ಧಿ ಆಚಾರಿ ಎಂಬ ಇನ್ನೊಬ್ಬನ ಪ್ರಶಸ್ತಿಯೂ ಇದೆ: ಪಟ್ಟಣ, ಅರಮನೆಗಳಿಂದ ಹಿಡಿದು ವಾಹನ, ಪೀಠ, ಮಂಚ, ಕಿರೀಟದವರೆಗೆ ಎಲ್ಲವನ್ನೂ ಮಾಡಬಲ್ಲವನು ಅವನೆಂದು. ಮಂಚ ಮಾಡುವವನೂ ಗುಡಿ ಕಟ್ಟುವವನೂ ಒಬ್ಬನೇ ಎಂಬುದನ್ನು ಆ ಕಾಲದವರು ಹೊಗಳಿಕೆಯೆಂದು ತಿಳಿದಿದ್ದರು.

ಶಿಷ್ಯ: ಹಾಗಾದರೆ ನೊಯ್ಮನ್ ಸರ್ವಸಿದ್ಧಿಯ ಗೋತ್ರದವನೇ ಸರಿ. ವ್ಯುರ್ಟ್ಸ್‌ಬುರ್ಗಿನ ಜನರಿಗೆ ಕೊಳವೆಯಲ್ಲಿ ಶುದ್ಧವಾದ ಕುಡಿಯುವ ನೀರು ತಂದವನು ಅವನು. ಕಾಡಿನ ನಡುವೆ ಗಾಜಿನ ಕಾರ್ಖಾನೆಯೊಂದನ್ನು ನಡೆಸಿದವನು. ಕಂಬಗಳ ಪ್ರಮಾಣವನ್ನು ಅಳೆಯುವುದಕ್ಕೆ ಹೊಸದೊಂದು ಕೈವಾರವನ್ನು ರಚಿಸಿದವನು. 1731ರಿಂದ ವಿಶ್ವವಿದ್ಯಾಲಯದಲ್ಲಿ ಕಟ್ಟಡ ಮತ್ತು ಕೋಟೆಗಳ ಶಾಸ್ತ್ರವನ್ನು ಪಾಠ ಹೇಳಿದವನು. ಇಷ್ಟರ ನಡುವೆ ಸೈನ್ಯದಲ್ಲಿ ಏರುತ್ತ ಏರುತ್ತ ಫಿರಂಗಿ ದಳದ ಕರ್ನಲನೂ ಆದ.

ಮೇಷ್ಟ್ರು: ನಡುವೆ ಕಷ್ಟವೇ ಬರಲಿಲ್ಲವೆ ಅವನಿಗೆ? ಪ್ರಭುಗಳ ಆಶ್ರಯದಲ್ಲಿ ಬಾಳಿದವರ ಚರಿತ್ರೆಯಲ್ಲಿ ಒಂದು ಮಳೆಯಿಲ್ಲದ ವರ್ಷ ಇದ್ದೇ ಇರುತ್ತದೆ.

ಶಿಷ್ಯ: ಮೂರು ವರ್ಷ. 1746ರಲ್ಲಿ ಫ್ರೀಡ್ರಿಷ್ ಕಾರ್ಲ್ ತೀರಿಕೊಂಡು ಹೊಸ ಬಿಷಪ್ಪ ಬಂದೊಡನೆ ಇವನನ್ನು ಕಟ್ಟಡಗಳ ಅಧಿಕಾರದಿಂದ ಇಳಿಸಿಬಿಟ್ಟ. ವಯಸ್ಸು ಅರುವತ್ತರ ಹತ್ತಿರ. 1749ರಲ್ಲಿ ಇನ್ನೊಬ್ಬನು ಪಟ್ಟಕ್ಕೆ ಬಂದು ಮತ್ತೆ ಕರೆದ. ಅಷ್ಟೆ. ಆದರೆ ನನಗೆ ಅದಕ್ಕಿಂತ ದೊಡ್ಡದಾಗಿ ತೋರಿದ ಕಷ್ಟ ಇನ್ನೊಂದಿದೆ, ಅದನ್ನು ಹೇಳಲೇಬೇಕು. ಮೈನ್ ನದಿಯ ಕಣಿವೆಯ ಮೇಲೆ ಒಂದು ಗುಡ್ಡ. ಹದಿನೈದನೆಯ ಶತಮಾನದಲ್ಲಿ ಕುರಿ ಕಾಯುವವನೊಬ್ಬನಿಗೆ ಆ ಬಯಲಿನಲ್ಲಿ ದೇವಶಿಶುವಿನ ದರ್ಶನವಾಯಿತಂತೆ. ಅಂದಿನಿಂದ ಅದು ಯಾತ್ರಾಸ್ಥಳ. ಹದಿನಾಲ್ಕು ಮಂದಿ ಆಪದ್ಬಾಂಧವರಾದ ಸಂತರ ಹೆಸರಿನಲ್ಲಿ ಅದಕ್ಕೆ ಫಿಯರ್‌ತ್ಸೇನ್‌ಹೈಲಿಗೆನ್ ಎಂದು ಕರೆಯುತ್ತಾರೆ.

ಮೇಷ್ಟ್ರು: ನಮ್ಮ ಮಲೆಯ ಮಾದಪ್ಪನ ಬೆಟ್ಟದ ಹಾಗೆ. ಈ ದಂಡೆಯಿಂದ ಅದೇನು ಬಹಳ ದೂರವಲ್ಲ. ಹಟ್ಟಿಯ ಹುಡುಗರಿಗೂ ಕುರುಬರಿಗೂ ಕಾಣಿಸಿಕೊಳ್ಳುವುದು ದೇವರುಗಳ ಅಭ್ಯಾಸ.

ಶಿಷ್ಯ: ದರ್ಶನವಾದ ಆ ಸ್ಥಳದ ಮೇಲೆ, ಅಡ್ಡಸಾಲೂ ನೀಳಸಾಲೂ ಕೂಡುವ ಮಧ್ಯದಲ್ಲಿ, ಗುಮ್ಮಟದ ಅಡಿಯಲ್ಲಿ ವೇದಿಕೆ ಬರುವಂತೆ ನೊಯ್ಮನ್ ನಕ್ಷೆ ಬರೆದುಕೊಟ್ಟ. 1743ರಲ್ಲಿ ಅಸ್ತಿಭಾರ. ಆದರೆ ಸ್ಥಳದಲ್ಲಿದ್ದು ಕೆಲಸ ನೋಡಿಕೊಳ್ಳುತ್ತಿದ್ದ ಕ್ರೋನೆ ಎಂಬವನು ತನ್ನಿಚ್ಛೆಯಂತೆ ನಕ್ಷೆಯನ್ನು ಬದಲಿಸಿ ಗೋಡೆಗಳನ್ನು ಪೂರ್ವಕ್ಕೆ ಸರಿಸಿ ಎಬ್ಬಿಸಿಬಿಟ್ಟ. ಗೊತ್ತಾಗುವಷ್ಟರಲ್ಲಿ ಗೋಡೆ ಎದ್ದಾಗಿತ್ತು. ಪವಿತ್ರ ಸ್ಥಳವು ಗುಮ್ಮಟದ ಕೆಳಗೆ ಬರುವುದನ್ನು ಬಿಟ್ಟು ಜನ ಕೂರುವ ಪಡಸಾಲೆಯ ನಡುವೆ ಉಳಿಯಿತು. ಎಂಜಿನಿಯರನಾಗಿ ಹೇಳುತ್ತೇನೆ, ಮೇಷ್ಟ್ರೇ: ನಕ್ಷೆ ಬರೆದವನಿಗೆ ಇದಕ್ಕಿಂತ ದೊಡ್ಡ ಸಂಕಟವಿಲ್ಲ. ಒಂದೇ ದಾರಿ, ಕೆಡವಿಸುವುದು. ನಾನಾದರೆ ಕೆಡವಿಸುತ್ತಿದ್ದೆ, ಇಲ್ಲವೆ ಕೈತೊಳೆದುಕೊಂಡು ಹೊರಟುಬಿಡುತ್ತಿದ್ದೆ.

ಮೇಷ್ಟ್ರು: ಅವನು?

ಶಿಷ್ಯ: ತಪ್ಪಾಗಿ ಎದ್ದ ಗೋಡೆಗಳನ್ನು ಹಾಗೆಯೇ ಇರಗೊಟ್ಟು ಒಳಗನ್ನು ಹೊಸದಾಗಿ ಕಂಡ. ನೆಟ್ಟಗಿನ ಸಾಲುಗಳನ್ನೆಲ್ಲ ಬಿಟ್ಟು, ಮೊಟ್ಟೆಯಾಕಾರದ ಕಮಾನುಗಳನ್ನು ಒಂದಕ್ಕೊಂದು ತಾಗುವಂತೆ ಹೆಣೆದ. ಎಲ್ಲಕ್ಕಿಂತ ದೊಡ್ಡದನ್ನು ತಂದು ಪಡಸಾಲೆಯ ಆ ವೇದಿಕೆಯ ಮೇಲೆಯೇ ಕವಿಸಿದ. ಗುಮ್ಮಟವಿರಬೇಕಾಗಿದ್ದ ಮಧ್ಯದಲ್ಲಿ ಈಗ ಗುಮ್ಮಟವಿಲ್ಲ. ಅಲ್ಲಿ ಬೇರೆಬೇರೆ ಕಮಾನುಗಳ ಅಂಚುಗಳು ಅಲೆಗಳಂತೆ ಬಂದು ಕೂಡಿ ಹಿಂಜರಿಯುತ್ತವೆ. ಒ‍ಳಹೊಕ್ಕವನಿಗೆ ಗೋಡೆ ಎಲ್ಲಿ ಮುಗಿಯಿತು, ಛಾವಣಿ ಎಲ್ಲಿ ಮೊದಲಾಯಿತು ತಿಳಿಯದು. ಬಿಳಿಯ ಗಾರೆಯ ಮೇಲೆ ಎರಡು ಸಾಲು ಕಿಟಕಿಗಳ ಬೆಳಕು ಬಿದ್ದು ಕಟ್ಟಡವೇ ಉಸಿರಾಡುವಂತೆ ತೋರುತ್ತದೆ. ಆ ಶಂಖದ ಸುರುಳಿಗಳು, ತಾವು ಸಕ್ಕರೆಯಚ್ಚೆಂದದ್ದು, ಅಲ್ಲಿ ಅಂಟಿಸಿದಂತೆ ಕಾಣಲೇ ಇಲ್ಲ. ಬಾಗಿದ ಕಮಾನಿನ ಬಾಗುವಿಕೆಯೇ ಅಂಚಿನಲ್ಲಿ ಚಿಗುರಿ ಸುರುಳಿಯಾದಂತಿತ್ತು. ಅದು ಪೂರ್ಣವಾದದ್ದು 1772ರಲ್ಲಿ, ಅವನು ಹೋಗಿ ಹತ್ತೊಂಬತ್ತು ವರ್ಷದ ಮೇಲೆ. ಅವನು ಕಣ್ಣಾರೆ ಕಾಣಲಿಲ್ಲ. ಇನ್ನೊಬ್ಬನ ತಪ್ಪೇ ಅವನ ಅತಿಶ್ರೇಷ್ಠವಾದ ಗುಡಿಗೆ ಕಾರಣವಾಯಿತೆಂದು ಬಲ್ಲವರನೇಕರು ಹೇಳುತ್ತಾರೆ. ಅಲ್ಲಿ ಒಂದು ಗಂಟೆ ಕುಳಿತಿದ್ದ ನಾನೂ ಹಾಗೆಯೇ ತಿಳಿಯುತ್ತೇನೆ.

ಮೇಷ್ಟ್ರು: ನನ್ನ ಸಂದೇಹವನ್ನು ಹಿಂದೆಗೆದುಕೊಳ್ಳುತ್ತೇನೆ, ಅಪ್ಪಾ. ಅದು ಸಿಂಗಾರದ ಮೇಲಿನ ಸಂದೇಹವಾಗಿರಲಿಲ್ಲವೆಂದು ಈಗ ಕಾಣುತ್ತದೆ. ತೂಕವನ್ನರಿಯದವನು ಮಾಡುವ ಹಗುರದ ಮೇಲಿನ ಸಂದೇಹ. ಕಂಚಿನ ಗಂಟೆ ಹೊಯ್ದವನಿಗೆ ತಿಳಿದಿರುತ್ತದೆ, ಗೋಡೆಯ ದಪ್ಪ ಕೂದಲೆಳೆಯಷ್ಟು ತಪ್ಪಿದರೆ ನಾದ ಕೆಡುವುದೆಂದು. ಆ ಕೈಯೇ ಮುಂದೆ ಕಲ್ಲಿನ ಕಮಾನನ್ನು ಎಷ್ಟು ತೆಳ್ಳಗೆ ಬಿಡಬಹುದೆಂದು ಬಲ್ಲದು. ತಾರಮಂಗಲದ ಸರಪಳಿಯೂ ಹಾಗೆಯೇ. ಕಲ್ಲು ಎಲ್ಲಿ ಒಡೆಯುತ್ತದೆಂಬುದನ್ನು ಪೆಟ್ಟಿನ ಸದ್ದಿನಿಂದಲೇ ತಿಳಿಯುವವನಿಗಲ್ಲದೆ ಕಲ್ಲಿನಲ್ಲಿ ಕೊಂಡಿ ಬಿಡಿಸುವ ಧೈರ್ಯ ಎಲ್ಲಿಂದ ಬರಬೇಕು? ಆದರೂ ಒಂದು ಮಾತು ಕೇಳುತ್ತೇನೆ. ಆ ಅರಮನೆಯ ವೆಚ್ಚವನ್ನು ತೆತ್ತವರು ದ್ರಾಕ್ಷಿತೋಟದ ರೈತರೇ ಅಲ್ಲವೆ? ಒಬ್ಬ ಬಿಷಪ್ಪ ಮೆಟ್ಟಿಲೇರುವುದಕ್ಕೆ ಅಷ್ಟೊಂದು ಆಕಾಶವೆ?

ಶಿಷ್ಯ: ಆ ಪ್ರಶ್ನೆ ನನ್ನನ್ನೂ ಕಾಡಿತು; ಅದಕ್ಕೆ ಹಗುರವಾದ ಉತ್ತರ ನನ್ನಲ್ಲಿಲ್ಲ. ತೆತ್ತವರು ಆ ಮೆಟ್ಟಿಲನ್ನು ತುಳಿಯಲಿಲ್ಲ, ನಿಜ. ನಾನು ಹೋದ ದಿನ ಶಾಲೆಯ ಮಕ್ಕಳ ಗುಂಪೊಂದು ನನ್ನ ಮುಂದೆ ಏರುತ್ತಿತ್ತು. ನಡುಜಗಲಿಯಲ್ಲಿ ತಿರುಗಿದೊಡನೆ ಅಷ್ಟು ಹೊತ್ತು ಕಚಪಿಚ ಎನ್ನುತ್ತಿದ್ದ ಮಕ್ಕಳೆಲ್ಲ ಒಮ್ಮೆಗೇ ಸುಮ್ಮನಾದರು. ಅವರ ಮುತ್ತಜ್ಜಂದಿರ ಮುತ್ತಜ್ಜಂದಿರೇ ಆ ರೈತರಿರಬಹುದು. ಅಷ್ಟನ್ನು ಮಾತ್ರ ಕಂಡೆ.

ಮೇಷ್ಟ್ರು: ಇರಲಿ. ಈ ಅಣೆಕಟ್ಟಿನ ನೀರು ತಂಜಾವೂರಿನ ಗದ್ದೆಗೆ ಹೋಗುತ್ತದೆ. ಮುಳುಗಿದ್ದು ನಮ್ಮ ತಂದೆಯವರ ಓಣಿ. ತಂಜಾವೂರಿನ ಅನ್ನ ಉಣ್ಣುವ ಮಗುವಿನ ಮೇಲೆ ನನಗೆ ಕೋಪವಿಲ್ಲ. ಆದರೆ ಓಣಿಯ ನೆನಪನ್ನೂ ಬಿಡಲಾರೆ. ಎರಡನ್ನೂ ಇಟ್ಟುಕೊಂಡೇ ಬಾಳಿದ್ದೇನೆ. ಅದೋ, ದೋಣಿ ಬಂತು. ಏಳು. ಆ ಹುಡುಗನಿಗೆ ಹೇಳು, ನಾಗಮರೆಗೆ ನೆಟ್ಟಗೆ ಹೋಗುವುದು ಬೇಡ, ಇಗರ್ಜಿಯ ಗೋಪುರದ ಮಗ್ಗುಲಿಗೆ ಸ್ವಲ್ಪ ಬಳಸಿಕೊಂಡು ಹೋಗಲಿ.

ಶಿಷ್ಯ: ಹತ್ತಿರಕ್ಕೆ ಬಿಡುವನೊ ಇಲ್ಲವೊ. ಅಡಿಯಲ್ಲಿ ಹಳೆಯ ಗೋಡೆಗಳಿರುತ್ತವೆ, ದೋಣಿಗೆ ತಾಗೀತು.

ಮೇಷ್ಟ್ರು: ಅವನ ಅಜ್ಜನೂ ಅದೇ ಊರಿನವನು, ಗೋಡೆಗಳೆಲ್ಲಿವೆಯೆಂದು ಅವನು ಬಲ್ಲ. ಹತ್ತಿರ ಹೋದಾಗ ನೀನು ಕೈಚಾಚಿ ಆ ಗಾರೆಯನ್ನು ಮುಟ್ಟಿ ನೋಡು, ಬೆರಳಿನಿಂದ ತಟ್ಟಿ ನೋಡು. ಇಟ್ಟಿಗೆ ಎಷ್ಟು ವರಸೆ, ಸುಣ್ಣ ಯಾವ ಹದದ್ದು, ಒಳಗೆ ಪೊಳ್ಳಿದೆಯೊ ಗಟ್ಟಿಯಿದೆಯೊ, ನನಗೆ ಹೇಳಬೇಕು. ಕಟ್ಟಿದ ಮೇಸ್ತ್ರಿಯ ಹೆಸರನ್ನು ನಮ್ಮ ತಂದೆಯವರೂ ಅರಿಯರು. ಅವನ ಕೈ ಹೇಗಿತ್ತೆಂಬುದನ್ನಾದರೂ ಕೇಳಿ ತಿಳಿಯೋಣ. ಎಲ್ಲಿ, ನನ್ನ ಕೋಲು ಕೊಡು. ದಂಡೆ ಜಾರುತ್ತದೆ, ನೀನು ಮೊದಲು ಇಳಿ.